ಆಟಕ್ಕುಂಟು, ಲೆಕ್ಕಕ್ಕಿಲ್ಲ: ಅಮೆರಿಕದ ಬಡತನ ಗ್ರಂಥಗಳು ಮತ್ತು ಚಿಕ್ಕೋಡಿ ಸೀಮೆ

1

ಬಡತನ ಮತ್ತು ಸಮಾಜ ಕಲ್ಯಾಣ ನೀತಿಯನ್ನು ಕುರಿತು ಅಮೆರಿಕದಲ್ಲಿ ಪ್ರಕಟವಾದ ಗ್ರಂಥಗಳ ಸಂಖ್ಯೆ ದೊಡ್ಡದು. ನಮ್ಮ ಅರ್ಥಶಾಸ್ತ್ರ, ಸಮಾಜಶಾಸ್ತ್ರ ಮತ್ತು ಸಮಾಜಕಾರ್ಯ ಅಧ್ಯಯನಗಳಲ್ಲಿ ಇವುಗಳ ಪರಿಕಲ್ಪನೆಗಳು ದಶಕಗಳಿಂದ ಬಳಕೆಯಲ್ಲಿವೆ. ‘ಬಡತನದ ಸಂಸ್ಕೃತಿ’, ‘ಅವಲಂಬನೆ’, ‘ಅರ್ಹ ಫಲಾನುಭವಿ’, ‘ಕಣ್ಣಿಗೆ ಬೀಳದ ಬಡವರು’ ಮೊದಲಾದ ಮಾತುಗಳು ಯೋಜನಾ ವರದಿಗಳಲ್ಲಿಯೂ ಪತ್ರಿಕಾ ಚರ್ಚೆಗಳಲ್ಲಿಯೂ ಸಹಜವೆಂಬಂತೆ ಸೇರಿಹೋಗಿವೆ. ಆದರೆ ಈ ಗ್ರಂಥಗಳನ್ನು ನಮ್ಮ ನಾಡಿನ ಒಂದು ನಿರ್ದಿಷ್ಟ ಸೀಮೆಯ ಬದುಕಿನ ಎದುರಿಗಿಟ್ಟು, ಅವುಗಳಲ್ಲಿ ಯಾವುದು ಹೊಂದುತ್ತದೆ, ಯಾವುದು ಹೊಂದುವುದಿಲ್ಲ ಎಂದು ಪರಿಶೀಲಿಸುವ ಕೆಲಸ ಕನ್ನಡ ವಿಮರ್ಶೆಯಲ್ಲಿ ವಿರಳವಾಗಿದೆ. ಅಂತಹ ಒಂದು ಪರಿಶೀಲನೆ ಪ್ರಸ್ತುತ ಲೇಖನದ ಉದ್ದೇಶ.

ಇದಕ್ಕಾಗಿ ಆಯ್ದುಕೊಂಡಿರುವುದು ಬೆಳಗಾವಿ ಜಿಲ್ಲೆಯ ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ ಮತ್ತು ಕಾಗವಾಡ ತಾಲ್ಲೂಕುಗಳನ್ನು. ಈ ಸೀಮೆಯನ್ನು ಕುರಿತ ಬರವಣಿಗೆಯಲ್ಲಿ ಗಡಿ ವಿವಾದಕ್ಕೆ ಸಂಬಂಧಿಸಿದ್ದೇ ಹೆಚ್ಚು. 1956ರ ರಾಜ್ಯ ಪುನರ್ವಿಂಗಡಣೆ, 1967ರ ಮಹಾಜನ ಆಯೋಗದ ವರದಿ, ನಿಪ್ಪಾಣಿ ಯಾರಿಗೆ ಸೇರಬೇಕೆಂಬ ವಾದ ಇವೇ ಮೊದಲಾದವು ಅಲ್ಲಿ ಮುಖ್ಯ ವಿಷಯಗಳು. ನೆಲ ಯಾರದೆಂಬ ಪ್ರಶ್ನೆಗೆ ದೊರೆತ ಮಹತ್ವ ಆ ನೆಲದ ಮೇಲೆ ದುಡಿಯುವವರ ಕೂಲಿಯ ಪ್ರಶ್ನೆಗೆ ದೊರೆತಿಲ್ಲ. ತಂಬಾಕು, ಬೀಡಿ ಮತ್ತು ಕಬ್ಬಿನ ಕೆಲಸದಲ್ಲಿ ಸವೆಯುವ ಕೈಗಳು ಕನ್ನಡವನ್ನೂ ಆಡುತ್ತವೆ, ಮರಾಠಿಯನ್ನೂ ಆಡುತ್ತವೆ. ಕೆಲಸ ಅರಸಿ ಗಡಿಯಾಚೆಯ ಇಚಲಕರಂಜಿಯ ಮಗ್ಗಗಳಿಗೂ ಹೋಗುತ್ತವೆ. ಗಡಿ ಸಾಹಿತ್ಯದ ಯಾವ ಪಕ್ಷದ ವಾದದಲ್ಲಿಯೂ ಅವರಿಗೆ ಪ್ರತ್ಯೇಕ ಸ್ಥಾನವಿಲ್ಲ.

ಮಕ್ಕಳ ಆಟದಲ್ಲಿ ತೀರ ಚಿಕ್ಕವರನ್ನು ಕೂಡಿಸಿಕೊಳ್ಳುತ್ತಾರೆ. ಆದರೆ ಅವರು ಗೆದ್ದರೂ ಸೋತರೂ ಎಣಿಸುವುದಿಲ್ಲ. ‘ಆಟಕ್ಕುಂಟು, ಲೆಕ್ಕಕ್ಕಿಲ್ಲ’ ಎಂಬ ನಮ್ಮ ನಾಣ್ಣುಡಿ ಹುಟ್ಟಿದ್ದು ಈ ರೂಢಿಯಿಂದ. ಅಮೆರಿಕದ ಗ್ರಂಥಗಳ ‘ಕಣ್ಣಿಗೆ ಬೀಳದ ಬಡವರು’ ಎಂಬ ಪರಿಕಲ್ಪನೆಗಿಂತ ಈ ನಾಣ್ಣುಡಿಯೇ ಚಿಕ್ಕೋಡಿ ಸೀಮೆಯ ಬಡತನವನ್ನು ಹೆಚ್ಚು ಖಚಿತವಾಗಿ ಹೇಳುತ್ತದೆ ಎಂಬುದು ಈ ಲೇಖನದ ಪ್ರತಿಪಾದನೆ.

2

ಮೊದಲು ಅಮೆರಿಕದ ಗ್ರಂಥಪರಂಪರೆಯನ್ನು ಸ್ಥೂಲವಾಗಿ ಗುರುತಿಸಿಕೊಳ್ಳಬಹುದು. 1962ರಲ್ಲಿ ಪ್ರಕಟವಾದ ಮೈಕೆಲ್ ಹ್ಯಾರಿಂಗ್ಟನ್ ಅವರ ‘ದಿ ಅದರ್ ಅಮೆರಿಕ’ ಇದರ ಆಧುನಿಕ ಘಟ್ಟದ ಆರಂಭ. ಶ್ರೀಮಂತ ರಾಷ್ಟ್ರವೆಂದು ಬೀಗುತ್ತಿದ್ದ ದೇಶದಲ್ಲಿ ನಾಲ್ಕರಿಂದ ಐದು ಕೋಟಿ ಜನ ಬಡವರಿದ್ದಾರೆಂದು ಹ್ಯಾರಿಂಗ್ಟನ್ ಅಂದಾಜಿಸಿದರು. ಈ ಬಡವರು ಹೆದ್ದಾರಿಗಳಿಂದ ದೂರದ ಕಣಿವೆಗಳಲ್ಲಿ, ನಗರಗಳ ಒಳಗೇರಿಗಳಲ್ಲಿ ಇರುವುದರಿಂದ ಅನುಕೂಲಸ್ಥರ ಕಣ್ಣಿಗೆ ಬೀಳುತ್ತಿಲ್ಲ ಎಂಬುದು ಅವರ ವಾದ. 1964ರ ಜನವರಿಯಲ್ಲಿ ಅಧ್ಯಕ್ಷ ಲಿಂಡನ್ ಜಾನ್ಸನ್ ‘ಬಡತನದ ವಿರುದ್ಧ ಸಮರ’ ಸಾರುವುದಕ್ಕೆ ಅನುಕೂಲವಾದ ವಾತಾವರಣವನ್ನು ರೂಪಿಸಿದ ಕೃತಿಗಳಲ್ಲಿ ಇದೂ ಒಂದು.

1971ರಲ್ಲಿ ಫ್ರಾನ್ಸಿಸ್ ಫಾಕ್ಸ್ ಪಿವೆನ್ ಮತ್ತು ರಿಚರ್ಡ್ ಕ್ಲೋವರ್ಡ್ ‘ರೆಗ್ಯುಲೇಟಿಂಗ್ ದಿ ಪೂರ್’ ಎಂಬ ಕೃತಿಯಲ್ಲಿ ಬೇರೊಂದು ವಾದವನ್ನು ಮಂಡಿಸಿದರು. ಪರಿಹಾರ ಕಾರ್ಯಕ್ರಮಗಳು ಕರುಣೆಯಿಂದ ಹುಟ್ಟುವುದಿಲ್ಲ. ಅಶಾಂತಿ ಹೆಚ್ಚಿದಾಗ ಅವು ಹಿಗ್ಗುತ್ತವೆ, ಶಾಂತಿ ನೆಲೆಸಿದಾಗ ಕುಗ್ಗಿ ಬಡವರನ್ನು ಕಡಿಮೆ ಕೂಲಿಯ ದುಡಿಮೆಗೆ ಮರಳಿ ದೂಡುತ್ತವೆ ಎಂಬುದು ಅದರ ಸಾರ. 1984ರ ‘ಲೂಸಿಂಗ್ ಗ್ರೌಂಡ್’ ಕೃತಿಯಲ್ಲಿ ಚಾರ್ಲ್ಸ್ ಮರ್ರೆ ಇದಕ್ಕೆ ತೀರ ಎದುರಾದ ನಿಲುವನ್ನು ತಳೆದರು. ನೆರವೇ ಬಡವರನ್ನು ದುಡಿಮೆಯಿಂದಲೂ ಮದುವೆಯಿಂದಲೂ ವಿಮುಖರನ್ನಾಗಿ ಮಾಡಿತೆಂದು ಅವರು ವಾದಿಸಿದರು. 1996ರಲ್ಲಿ ಅಧ್ಯಕ್ಷ ಕ್ಲಿಂಟನ್ ಸಹಿ ಮಾಡಿದ ಕಾನೂನು ನಗದು ನೆರವಿಗೆ ಐದು ವರ್ಷಗಳ ಮಿತಿಯನ್ನೂ ದುಡಿಮೆಯ ಷರತ್ತನ್ನೂ ಹೇರಿದಾಗ ಈ ವಾದಧಾರೆಗೆ ರಾಜಕೀಯ ಜಯ ದೊರೆತಂತಾಯಿತು.

ಆಮೇಲಿನ ಕೃತಿಗಳು ಮತ್ತೆ ಬಡವರ ದೈನಂದಿನ ಬದುಕಿನ ಕಡೆಗೆ ತಿರುಗಿದವು. ಬಾರ್ಬರಾ ಎರೆನ್‌ರೈಕ್ ತಾವೇ ಹೋಟೆಲಿನ ಪರಿಚಾರಕಿಯಾಗಿ, ಮನೆಗಳ ಕಸ ಗುಡಿಸುವವಳಾಗಿ ದುಡಿದು 2001ರಲ್ಲಿ ‘ನಿಕಲ್ ಅಂಡ್ ಡೈಮ್ಡ್’ ಬರೆದರು. ಮ್ಯಾಥ್ಯೂ ಡೆಸ್ಮಂಡ್ 2016ರ ‘ಎವಿಕ್ಟೆಡ್’ ಕೃತಿಯಲ್ಲಿ ಮಿಲ್ವಾಕಿ ನಗರದ ಬಾಡಿಗೆದಾರ ಕುಟುಂಬಗಳನ್ನು ಕುರಿತು ಬರೆದರು; 2023ರ ‘ಪಾವರ್ಟಿ, ಬೈ ಅಮೆರಿಕ’ ಕೃತಿಯಲ್ಲಿ ಬಡವರ ಬಡತನದಿಂದ ಉಳಿದವರಿಗೆ ಲಾಭವಿರುವುದರಿಂದಲೇ ಅದು ಉಳಿದುಕೊಂಡಿದೆ ಎಂದು ನೇರವಾಗಿ ಹೇಳಿದರು.

ಪರಸ್ಪರ ವಿರೋಧಿಗಳಾದ ಈ ಕೃತಿಗಳಲ್ಲಿ ಒಂದು ಸಮಾನ ಗ್ರಹಿಕೆ ಇದೆ. ಬಡವರು ಎಷ್ಟು ಮಂದಿ, ಯಾರು ಎಂಬುದು ಸರ್ಕಾರಕ್ಕೆ ಸರಿಸುಮಾರು ತಿಳಿದಿದೆ. ಉಳಿದಿರುವುದು ಅವರಿಗೆ ಏನು ಕೊಡಬೇಕು, ಏಕೆ ಕೊಡಬೇಕು ಎಂಬ ಚರ್ಚೆ ಮಾತ್ರ ಎಂಬುದೇ ಆ ಗ್ರಹಿಕೆ. ವೇತನದ ಚೀಟಿ, ತೆರಿಗೆಯ ದಾಖಲೆ, 1960ರ ದಶಕದಲ್ಲಿ ಮಾಲಿ ಆರ್ಶಾನ್‌ಸ್ಕಿ ರೂಪಿಸಿದ ಬಡತನದ ಮಟ್ಟ ಇವೆಲ್ಲ ಆ ಚರ್ಚೆಗೆ ಅಡಿಪಾಯ. ನಮ್ಮಲ್ಲಿ ಈ ಅಡಿಪಾಯವೇ ವಿವಾದದ ವಸ್ತು.

3

ನಿಪ್ಪಾಣಿಯನ್ನು ತೆಗೆದುಕೊಳ್ಳೋಣ. ಹ್ಯಾರಿಂಗ್ಟನ್ ಹೇಳುವ ಬಡತನ ಹೆದ್ದಾರಿಯಿಂದ ದೂರದ್ದು. ನಿಪ್ಪಾಣಿಯಾದರೋ ಪುಣೆ–ಬೆಂಗಳೂರು ಹೆದ್ದಾರಿಯ ಮೇಲೆಯೇ ಇದೆ. ತಂಬಾಕಿನ ವಖಾರಗಳಿಗೆ ಗುಂಪುಗುಂಪಾಗಿ ಕೆಲಸಕ್ಕೆ ಹೋಗುತ್ತಿದ್ದ ಹೆಣ್ಣುಮಕ್ಕಳನ್ನು ಆ ಊರು ನಿತ್ಯ ನೋಡಿದೆ. ತಂಬಾಕಿನ ಘಾಟು ಬೀದಿಗೇ ಬರುತ್ತದೆ. ಇಲ್ಲಿ ಬಡತನ ಕಣ್ಣಿಗೂ ಮೂಗಿಗೂ ಮರೆಯಾದದ್ದಲ್ಲ.

1981ರಲ್ಲಿ ಶರದ್ ಜೋಶಿಯವರ ನಾಯಕತ್ವದಲ್ಲಿ ತಂಬಾಕು ಬೆಳೆಗಾರರು ಯೋಗ್ಯ ಬೆಲೆಗಾಗಿ ಇದೇ ಹೆದ್ದಾರಿಯ ಮೇಲೆ ದಿನಗಟ್ಟಲೆ ಕುಳಿತರು. ಏಪ್ರಿಲ್ ತಿಂಗಳಲ್ಲಿ ನಡೆದ ಪೊಲೀಸ್ ಗೋಲಿಬಾರಿನಲ್ಲಿ ರೈತರು ಪ್ರಾಣ ಕಳೆದುಕೊಂಡರು. ಆ ಹೋರಾಟ ದೇಶದ ಗಮನ ಸೆಳೆಯಿತು. ರೈತ ಚಳವಳಿಗಳ ಇತಿಹಾಸದಲ್ಲಿ ಸ್ಥಾನ ಪಡೆಯಿತು. ಆದರೆ ರೈತ ಬೆಳೆದ ತಂಬಾಕು ವಖಾರಕ್ಕೆ ಬಂದ ಮೇಲೆ ಅದನ್ನು ಕುಟ್ಟುವ, ಜರಡಿ ಹಿಡಿಯುವ, ತುಂಬುವ ಹೆಣ್ಣುಮಕ್ಕಳ ಕಥೆ ಆ ಇತಿಹಾಸದ ಹೊರಗೇ ಉಳಿಯಿತು.

ಅದನ್ನು ದಾಖಲಿಸಿದ್ದು ಪುಸ್ತಕವಲ್ಲ, ಒಂದು ಸಾಕ್ಷ್ಯಚಿತ್ರ. ದೀಪಾ ಧನರಾಜ್ ಮತ್ತು ಸಂಗಾತಿಗಳ ‘ಯುಗಾಂತರ್’ ತಂಡ 1982ರಲ್ಲಿ ನಿಪ್ಪಾಣಿಯ ತಂಬಾಕು ಕಾರ್ಖಾನೆಯ ಕೆಲಸಗಾರ್ತಿಯರೊಂದಿಗೆ ಕೂಡಿ ‘ತಂಬಾಕು ಚಾಕಿಲ ಊಬ್ ಆಲಿ’ ಎಂಬ ಕಿರುಚಿತ್ರವನ್ನು ತಯಾರಿಸಿತು. ಎರೆನ್‌ರೈಕ್ ಅವರ ಪುಸ್ತಕದೊಂದಿಗೆ ಇದನ್ನು ಹೋಲಿಸಿ ನೋಡಬೇಕು. ಎರೆನ್‌ರೈಕ್ ಬಡವಳ ಕೆಲಸವನ್ನು ತಾವು ಮಾಡಿ, ಅದರ ದಣಿವನ್ನು ಓದುಗರಿಗೆ ವರದಿ ಮಾಡುತ್ತಾರೆ. ಮಾತು ಕೊನೆಯವರೆಗೂ ಅವರದೇ. ನಿಪ್ಪಾಣಿಯ ಚಿತ್ರದಲ್ಲಿ ಮಾತು ಕೆಲಸಗಾರ್ತಿಯರದು. ಸಂಘ ಕಟ್ಟಿದ ಬಗೆಯನ್ನು, ಸಭೆ ಸೇರಿದ ಬಗೆಯನ್ನು ಅವರೇ ಹೇಳುತ್ತಾರೆ, ಅವರೇ ಮತ್ತೆ ಅಭಿನಯಿಸಿ ತೋರಿಸುತ್ತಾರೆ. ಕರುಣೆಯನ್ನು ಬೇಡುವ ಧ್ವನಿ ಅದರಲ್ಲಿಲ್ಲ. ತಮ್ಮನ್ನು ಕಾರ್ಮಿಕರೆಂದು ಒಪ್ಪಬೇಕೆಂಬುದೇ ಅವರ ಹಕ್ಕೊತ್ತಾಯದ ತಿರುಳು.

ಇಲ್ಲಿ ಕಾನೂನಿನ ಇತಿಹಾಸವನ್ನು ಗಮನಿಸಬೇಕಾಗುತ್ತದೆ. ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆ ಬಂದದ್ದು 1966ರಲ್ಲಿ. ಗುತ್ತಿಗೆದಾರನ ಮೂಲಕ ಎಲೆ, ತಂಬಾಕು ಪಡೆದು ಮನೆಯಲ್ಲಿಯೇ ಬೀಡಿ ಕಟ್ಟುವವರನ್ನೂ ಆ ಕಾಯ್ದೆ ನೌಕರರೆಂದು ಪರಿಗಣಿಸಿತು. ಅದು ಆ ಕಾಲಕ್ಕೆ ದೂರದೃಷ್ಟಿಯ ವ್ಯಾಖ್ಯೆಯೇ ಸರಿ. 1976ರಲ್ಲಿ ಬೀಡಿ ಕಾರ್ಮಿಕರ ಕಲ್ಯಾಣ ನಿಧಿ ಕಾಯ್ದೆಯೂ ಅದಕ್ಕೆ ಹಣ ಒದಗಿಸುವ ಉಪಕರದ ಕಾಯ್ದೆಯೂ ಬಂದವು. ವೈದ್ಯಕೀಯ ನೆರವು, ಮಕ್ಕಳ ವಿದ್ಯಾರ್ಥಿವೇತನ, ಮನೆ ಕಟ್ಟಲು ಸಹಾಯಧನ ಈ ನಿಧಿಯಿಂದ ದೊರೆಯತಕ್ಕವು. ಆದರೆ ಇವನ್ನು ಪಡೆಯಲು ಗುರುತಿನ ಚೀಟಿ ಬೇಕು. 1978ರ ನಿಯಮಗಳ ಪ್ರಕಾರ ಆ ಚೀಟಿಯನ್ನು ಕೊಡುವ ಹೊಣೆ ಮಾಲೀಕನದು ಅಥವಾ ಗುತ್ತಿಗೆದಾರನದು.

ಈ ಒಂದು ನಿಯಮದಲ್ಲಿ ಇಡೀ ಸಮಸ್ಯೆ ಅಡಗಿದೆ. ಚೀಟಿ ಕೊಟ್ಟರೆ ಆಕೆ ತನ್ನ ಕೆಲಸಗಾರ್ತಿಯೆಂದು ಮಾಲೀಕ ಒಪ್ಪಿಕೊಂಡಂತೆ. ಒಪ್ಪಿಕೊಂಡರೆ ಕನಿಷ್ಠ ವೇತನ, ಭವಿಷ್ಯ ನಿಧಿ, ಹೆರಿಗೆ ಸೌಲಭ್ಯ ಎಲ್ಲವೂ ಅದರ ಹಿಂದೆಯೇ ಬರುತ್ತವೆ. ಹೀಗಾಗಿ ಯಾರಿಗೆ ಆಕೆಯ ಅಸ್ತಿತ್ವವನ್ನು ಅಲ್ಲಗಳೆಯುವುದರಿಂದ ಲಾಭವಿದೆಯೋ ಅವರ ಕೈಗೇ ಆಕೆಯ ಅಸ್ತಿತ್ವದ ದಾಖಲೆಯನ್ನು ಒಪ್ಪಿಸಿದಂತಾಯಿತು. ಆಕೆ ಕಟ್ಟಿದ ಬೀಡಿಗಳ ಎಣಿಕೆ ತಪ್ಪುವುದಿಲ್ಲ. ಸಾವಿರಕ್ಕೆ ಇಷ್ಟೆಂದು ಕೂಲಿ ನಿಗದಿಯಾಗುವುದರಿಂದ ಒಂದೊಂದು ಬೀಡಿಯೂ ಲೆಕ್ಕಕ್ಕಿದೆ. ಕಟ್ಟಿದವಳು ಮಾತ್ರ ಆಟಕ್ಕುಂಟು, ಲೆಕ್ಕಕ್ಕಿಲ್ಲ.

ಪಿವೆನ್ ಮತ್ತು ಕ್ಲೋವರ್ಡ್ ಅವರ ಸೂತ್ರ ಇಲ್ಲಿ ಅರ್ಧ ಮಾತ್ರ ಹೊಂದುತ್ತದೆ. ಅವರ ಪ್ರಕಾರ ಹೋರಾಟದಿಂದ ಕಾನೂನು ಹುಟ್ಟುತ್ತದೆ. ನಿಪ್ಪಾಣಿಯಲ್ಲಿ ಕಾನೂನು ಮೊದಲೇ ಇತ್ತು; ಅದನ್ನು ವಖಾರದ ಬಾಗಿಲ ಒಳಗೆ ತರಲು ಹೋರಾಟ ಬೇಕಾಯಿತು. ಕಾಗದದ ಮೇಲೆ ಹಿಗ್ಗಿದ ಕಲ್ಯಾಣಕ್ಕೆ ಯಾರೂ ಬೆಲೆ ತೆರಬೇಕಾಗಿಲ್ಲವಾದ್ದರಿಂದ ಅದು ಶಾಂತಿಯ ಕಾಲದಲ್ಲಿಯೂ ಹಿಗ್ಗಬಲ್ಲದೆಂಬುದನ್ನು ಅಮೆರಿಕದ ಲೇಖಕರು ಊಹಿಸಿರಲಿಲ್ಲ.

ಈ ಕಾನೂನಿನ ಚೌಕಟ್ಟು ಈಗ ಬದಲಾಗಿದೆ. 2017ರ ಜುಲೈಯಲ್ಲಿ ಸರಕು ಮತ್ತು ಸೇವಾ ತೆರಿಗೆ ಜಾರಿಗೆ ಬಂದಾಗ ಬೀಡಿ ಉಪಕರ ರದ್ದಾಯಿತು. ಬೀಡಿಯ ಮೇಲಿನ ಹಣ ಬೀಡಿ ಕಟ್ಟುವವರಿಗೆಂದೇ ಮೀಸಲಾಗಿದ್ದ ನೇರ ಸಂಬಂಧ ಅಲ್ಲಿಗೆ ಕಡಿದು, ಕಲ್ಯಾಣ ಕಾರ್ಯಕ್ರಮಗಳು ಬಜೆಟ್ಟಿನ ಅನುದಾನವನ್ನು ಅವಲಂಬಿಸಿದವು. 2025ರ ನವೆಂಬರ್ 21ರಂದು ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದುದರಿಂದ 1966ರ ಕಾಯ್ದೆಯೂ ಇತಿಹಾಸಕ್ಕೆ ಸೇರಿತು. ಹೊಸ ವ್ಯವಸ್ಥೆಯಲ್ಲಿ ಗುರುತಿನ ಹೊಣೆ ಯಾರ ಕೈಯಲ್ಲಿ ಉಳಿಯುತ್ತದೆ ಎಂಬುದೇ ಅದರ ಯೋಗ್ಯತೆಯನ್ನು ಅಳೆಯುವ ಕಲ್ಲು.

4

ವ್ಯಕ್ತಿಯ ಲೆಕ್ಕದಂತೆ ಪ್ರದೇಶದ ಲೆಕ್ಕದಲ್ಲಿಯೂ ಇದೇ ತೊಡಕು ಕಾಣುತ್ತದೆ. ಭಾರತದಲ್ಲಿ ಬಡತನದ ಚರ್ಚೆಗೆ ಶಾಸ್ತ್ರೀಯ ತಳಹದಿ ಹಾಕಿದ ವಿ. ಎಂ. ದಾಂಡೇಕರ್ ಮತ್ತು ನೀಲಕಂಠ ರಥ್ ಅವರ 1971ರ ಕೃತಿ ದಿನಕ್ಕೆ 2,250 ಕ್ಯಾಲೊರಿ ಆಹಾರವನ್ನು ಮಾನದಂಡವಾಗಿ ಇಟ್ಟುಕೊಂಡಿತು. ಕರ್ನಾಟಕದಲ್ಲಿ 2002ರಲ್ಲಿ ಸಲ್ಲಿಕೆಯಾದ ಡಾ. ಡಿ. ಎಂ. ನಂಜುಂಡಪ್ಪ ಸಮಿತಿಯ ವರದಿ ತಾಲ್ಲೂಕನ್ನು ಘಟಕವಾಗಿ ಆರಿಸಿಕೊಂಡು, ಅಂದಿನ 175 ತಾಲ್ಲೂಕುಗಳಲ್ಲಿ 114 ಹಿಂದುಳಿದವೆಂದು ಗುರುತಿಸಿತು. ಅವುಗಳಲ್ಲಿ 39 ಅತ್ಯಂತ ಹಿಂದುಳಿದವು, 40 ಅತಿ ಹಿಂದುಳಿದವು, 35 ಹಿಂದುಳಿದವು. ಜಿಲ್ಲೆಯ ಸರಾಸರಿಯಲ್ಲಿ ಮುಚ್ಚಿಹೋಗುತ್ತಿದ್ದ ಅಸಮಾನತೆಯನ್ನು ತಾಲ್ಲೂಕಿನ ಮಟ್ಟದಲ್ಲಿ ಬಿಡಿಸಿ ತೋರಿಸಿದ್ದು ಆ ವರದಿಯ ದೊಡ್ಡ ಕೊಡುಗೆ.

ಆದರೆ ಅದೇ ತರ್ಕವನ್ನು ಇನ್ನೂ ಒಂದು ಹೆಜ್ಜೆ ಮುಂದೊಯ್ಯಬೇಕಾಗಿತ್ತು. ವರದಿ ಬಂದಾಗ ನಿಪ್ಪಾಣಿ ಚಿಕ್ಕೋಡಿ ತಾಲ್ಲೂಕಿನಲ್ಲಿತ್ತು, ಕಾಗವಾಡ ಅಥಣಿಯಲ್ಲಿತ್ತು. ಇವು ಪ್ರತ್ಯೇಕ ತಾಲ್ಲೂಕುಗಳಾಗಿ ಘೋಷಣೆಯಾದದ್ದು 2017ರಲ್ಲಿ. ಕೃಷ್ಣೆಯ ದಂಡೆಯ ಉಗಾರ, ಶಿರಗುಪ್ಪಿ, ಜುಗುಳದ ಕಬ್ಬಿನ ಸಮೃದ್ಧಿಯೂ, ನದಿಯಿಂದ ದೂರದ ಮದಭಾವಿ, ಅನಂತಪುರದ ಕಡೆಯ ಒಣಬೇಸಾಯವೂ ಒಂದೇ ಸರಾಸರಿಯಲ್ಲಿ ಕೂಡಿಹೋದವು. 1939ರಲ್ಲಿ ಸ್ಥಾಪಿತವಾದ ಉಗಾರ ಸಕ್ಕರೆ ಕಾರ್ಖಾನೆಯ ಚಿಮಣಿಯ ಹೊಗೆ ತಾಲ್ಲೂಕಿನ ಅಂಕಿಗಳಲ್ಲಿ ಪ್ರಗತಿಯಾಗಿ ಕಾಣಿಸುತ್ತದೆ. ಆ ಕಾರ್ಖಾನೆಗಳಿಗೆ ಕಬ್ಬು ಕಡಿಯಲು ಊರು ಬಿಟ್ಟು ಬರುವ ಕುಟುಂಬಗಳು ಹೊರಟ ಊರಿನ ಲೆಕ್ಕದಲ್ಲಿಯೂ ತಲುಪಿದ ಊರಿನ ಲೆಕ್ಕದಲ್ಲಿಯೂ ಸರಿಯಾಗಿ ಬರುವುದಿಲ್ಲ.

2019ರ ಆಗಸ್ಟಿನ ಪ್ರವಾಹ ಈ ಪ್ರಶ್ನೆಯನ್ನು ಮತ್ತೊಂದು ರೂಪದಲ್ಲಿ ಮುಂದಿಟ್ಟಿತು. ಬಿದ್ದ ಮನೆಗಳನ್ನು ಹಾನಿಯ ಪ್ರಮಾಣಕ್ಕೆ ತಕ್ಕಂತೆ ಎ, ಬಿ, ಸಿ ಎಂದು ವಿಂಗಡಿಸಿ ಪರಿಹಾರ ನೀಡಲಾಯಿತು. ನದಿಗೆ ಎಲ್ಲ ಗೋಡೆಗಳೂ ಒಂದೇ. ಪರಿಹಾರದ ಮಟ್ಟಿಗೆ ಮಾತ್ರ ಒಂದು ಅಕ್ಷರದ ವ್ಯತ್ಯಾಸ ಒಂದು ಕುಟುಂಬದ ಮುಂದಿನ ಹತ್ತು ವರ್ಷಗಳನ್ನು ನಿರ್ಣಯಿಸುತ್ತದೆ. ಡೆಸ್ಮಂಡ್ ಅವರ ‘ಎವಿಕ್ಟೆಡ್’ ನಮಗೆ ಹತ್ತಿರವಾಗುವುದು ಇಂತಹ ಕಡೆ. ನ್ಯಾಯಾಲಯದ ದಾಖಲೆಗೆ ಬರುವ ಮನೆ ಖಾಲಿ ಮಾಡಿಸುವಿಕೆಗಿಂತ ದಾಖಲೆಗೆ ಬಾರದೆ ನಡೆಯುವುದೇ ಹೆಚ್ಚೆಂದು ಅವರು ಸಮೀಕ್ಷೆಯಿಂದ ತೋರಿಸಿದರು. ಅಮೆರಿಕದ ಗ್ರಂಥಪರಂಪರೆ ಕಣ್ಣಿಗೆ ಬೀಳದ ಬಡವರಿಂದ ಹೊರಟು, ಅರ್ಧ ಶತಮಾನದ ನಂತರ, ಲೆಕ್ಕಕ್ಕಿಲ್ಲದ ಬಡವರ ಬಳಿಗೆ ಬಂದು ನಿಂತಂತಾಯಿತು.

5

ಲೆಕ್ಕಕ್ಕೆ ಸೇರುವುದೇ ಪರಿಹಾರವೆಂದು ಇದರಿಂದ ತೀರ್ಮಾನಿಸುವಂತೆಯೂ ಇಲ್ಲ. ದೇವದಾಸಿ ಪದ್ಧತಿಯ ಇತಿಹಾಸ ಅದಕ್ಕೆ ಎಚ್ಚರಿಕೆ ಹೇಳುತ್ತದೆ. ಅಥಣಿ, ರಾಯಬಾಗ, ಚಿಕ್ಕೋಡಿ ಪ್ರದೇಶ ಈ ಪದ್ಧತಿಯ ನೋವನ್ನು ಬಹುಕಾಲ ಉಂಡ ನೆಲ. ಮುಂಬಯಿ ಪ್ರಾಂತದ 1934ರ ಕಾಯ್ದೆಯೂ, ಕರ್ನಾಟಕದ 1982ರ ದೇವದಾಸಿ ಸಮರ್ಪಣಾ ನಿಷೇಧ ಕಾಯ್ದೆಯೂ ಸಮರ್ಪಣೆಯನ್ನು ಅಪರಾಧವೆಂದು ಸಾರಿದವು. ಅಥಣಿಯಲ್ಲಿ 1985ರಲ್ಲಿ ಆರಂಭವಾದ ವಿಮೋಚನಾ ಸಂಘ ಮಕ್ಕಳ ಶಿಕ್ಷಣದ ಮೂಲಕ ಈ ಸರಪಳಿಯನ್ನು ಕಡಿಯಲು ದುಡಿಯಿತು. 1993–94 ಮತ್ತು 2007–08ರಲ್ಲಿ ನಡೆದ ಎರಡು ಸಮೀಕ್ಷೆಗಳಲ್ಲಿ ರಾಜ್ಯದಲ್ಲಿ ಒಟ್ಟು 46,660 ಮಹಿಳೆಯರನ್ನು ಗುರುತಿಸಲಾಯಿತು. ಪುನರ್ವಸತಿ ಯೋಜನೆಗಳಿಗೆ ಈ ಪಟ್ಟಿಯೇ ಆಧಾರವಾಯಿತು. ಪಟ್ಟಿಯಿಂದ ಹೊರಗುಳಿದವರು ತಾವು ದೇವದಾಸಿಯರೆಂದು ಸಿದ್ಧಪಡಿಸಬೇಕಾದ ಸ್ಥಿತಿ ಬಂದಿತು. ಯಾವ ಹೆಸರಿನಿಂದ ಬಿಡುಗಡೆ ಬೇಕಾಗಿತ್ತೋ ಆ ಹೆಸರನ್ನೇ ಸವಲತ್ತಿಗಾಗಿ ಬೇಡಿ ಪಡೆಯಬೇಕಾದ ವಿಪರ್ಯಾಸವಿದು.

ಅಮೆರಿಕದ ಮಾನವಶಾಸ್ತ್ರಜ್ಞೆ ಲುಸಿಂಡಾ ರ‍್ಯಾಮ್‌ಬರ್ಗ್ ಉತ್ತರ ಕರ್ನಾಟಕದ ಜೋಗತಿಯರ ನಡುವೆ ಕ್ಷೇತ್ರಕಾರ್ಯ ನಡೆಸಿ 2014ರಲ್ಲಿ ಪ್ರಕಟಿಸಿದ ‘ಗಿವನ್ ಟು ದಿ ಗಾಡೆಸ್’ ಎಂಬ ಕೃತಿ ಈ ಸಂದರ್ಭದಲ್ಲಿ ಉಲ್ಲೇಖನೀಯ. ಸುಧಾರಕರ ಕಣ್ಣಿಗೆ ಕೇವಲ ಶೋಷಿತೆಯಾಗಿ ಕಾಣುವ ಮಹಿಳೆ ತನ್ನ ಕುಟುಂಬದಲ್ಲಿ ಮಗನ ಸ್ಥಾನದಲ್ಲಿ ನಿಂತು ಆಸ್ತಿ, ಹೊಣೆ ಎರಡನ್ನೂ ಹೊರುವ ಬಗೆಯನ್ನು ಅವರು ವಿವರಿಸುತ್ತಾರೆ. ಜಡೆ ಕತ್ತರಿಸಿ ‘ಬಿಡುಗಡೆ’ ಮಾಡಿಸುವ ಸುಧಾರಣೆಯ ವಿಧಾನವನ್ನು ಪ್ರಶ್ನಿಸುತ್ತಾರೆ. ಈ ಪ್ರಶ್ನೆ ಅವಶ್ಯವಾದುದು. ಆದರೆ ಕೃತಿಯ ಒಲವು ನಂಟಸ್ತಿಕೆ ಮತ್ತು ಧಾರ್ಮಿಕತೆಯ ಅರ್ಥವಿವರಣೆಯ ಕಡೆಗಿರುವುದರಿಂದ ಕೂಲಿ, ಜಮೀನು ಮತ್ತು ಜಾತಿಯ ಒತ್ತಡಗಳು ಹಿನ್ನೆಲೆಗೆ ಸರಿಯುತ್ತವೆ ಎಂಬ ಆಕ್ಷೇಪಕ್ಕೆ ಅವಕಾಶವಿದೆ. ತಮ್ಮ ಮಗಳಿಗೆ ಅದೇ ಬಾಳು ಬೇಡವೆಂದು ಅಥಣಿಯ ಶಾಲೆಗೆ ಸೇರಿಸಿದ ತಾಯಂದಿರ ನಿರ್ಧಾರವೂ ಅರ್ಥವಿವರಣೆಯನ್ನು ಬೇಡುವಂಥದೇ. 2025ರಲ್ಲಿ ರಾಜ್ಯದ ವಿಧಾನಮಂಡಲ ಅಂಗೀಕರಿಸಿದ ಹೊಸ ವಿಧೇಯಕ ತಂದೆಯ ಹೆಸರನ್ನು ನಮೂದಿಸುವ ಒತ್ತಾಯದಿಂದ ಮಕ್ಕಳನ್ನು ಬಿಡುಗಡೆಗೊಳಿಸಲು ಯತ್ನಿಸಿದೆ. ಅರ್ಜಿಯ ನಮೂನೆಯ ಒಂದು ಖಾಲಿ ಗೆರೆಯೂ ಬಡತನದ ಭಾಗವೆಂದು ಕಾನೂನು ಮನಗಂಡದ್ದು ಸಣ್ಣ ಸಂಗತಿಯಲ್ಲ.

6

ಕೊನೆಯದಾಗಿ ‘ಅವಲಂಬನೆ’ಯ ವಾದ. ಮರ್ರೆಯವರ ಹೆಸರು ಕೇಳದವರೂ ನಮ್ಮಲ್ಲಿ ಅವರ ವಾದವನ್ನು ಆಡುತ್ತಾರೆ. 2023ರ ಆಗಸ್ಟಿನಲ್ಲಿ ಕುಟುಂಬದ ಯಜಮಾನಿಗೆ ತಿಂಗಳಿಗೆ 2,000 ರೂಪಾಯಿ ನೀಡುವ ಗೃಹಲಕ್ಷ್ಮಿ ಯೋಜನೆ ಆರಂಭವಾದಾಗ, ಪುಕ್ಕಟೆ ಹಣ ಜನರನ್ನು ಸೋಮಾರಿಗಳನ್ನಾಗಿಸುತ್ತದೆ ಎಂಬ ಮಾತು ವ್ಯಾಪಕವಾಗಿ ಕೇಳಿಬಂದಿತು. ವಚನ ಪರಂಪರೆಯ ಆಯ್ದಕ್ಕಿ ಲಕ್ಕಮ್ಮನ ಕಥೆಯನ್ನೂ ಇದಕ್ಕೆ ಆಧಾರವಾಗಿ ಕೊಡುವುದುಂಟು. ಆದರೆ ಬೇಕಾದುದಕ್ಕಿಂತ ಹೆಚ್ಚು ಅಕ್ಕಿಯನ್ನು ಗಂಡ ತಂದಾಗ ಮರಳಿಸೆಂದ ಲಕ್ಕಮ್ಮ ತನ್ನ ಮನೆಗೆ ತಾನೇ ಹಾಕಿಕೊಂಡ ಗೆರೆ ಅದು. ಉಳ್ಳವರು ಇಲ್ಲದವರಿಗೆ ಹಾಕಿದ ಗೆರೆಯಲ್ಲ. ಸ್ವಯಂ ನಿಯಮವನ್ನು ಪರರ ಮೇಲಿನ ಷರತ್ತನ್ನಾಗಿ ತಿರುಗಿಸಿದರೆ ಕಾಯಕದ ತತ್ವವೇ ತಲೆಕೆಳಗಾಗುತ್ತದೆ.

ರಾಯಬಾಗ ತಾಲ್ಲೂಕಿನ ಹಳ್ಳಿಯೊಂದರ ಹಿರಿಯ ಮಹಿಳೆಯೊಬ್ಬರು ಗೃಹಲಕ್ಷ್ಮಿಯ ಹಣವನ್ನು ಕೂಡಿಟ್ಟು ಊರವರಿಗೆ ಹೋಳಿಗೆಯ ಊಟ ಹಾಕಿಸಿದ ಸಂಗತಿ 2024ರಲ್ಲಿ ಪತ್ರಿಕೆಗಳಲ್ಲಿ ಬಂದಿತು. ಯೋಜನೆಯ ಪರವಾದವರು ಅದನ್ನು ಕೃತಜ್ಞತೆಯೆಂದು ಕೊಂಡಾಡಿದರು. ಎರಡೂ ಪಕ್ಷಗಳ ಓದು ಅಪೂರ್ಣವೆಂದು ತೋರುತ್ತದೆ. ಕ್ಯಾರೊಲ್ ಸ್ಟ್ಯಾಕ್ 1974ರ ‘ಆಲ್ ಅವರ್ ಕಿನ್’ ಕೃತಿಯಲ್ಲಿ ಅಮೆರಿಕದ ಬಡ ಕಪ್ಪು ಜನರ ಕೇರಿಯೊಂದರಲ್ಲಿ ಕೊಡು-ಕೊಳ್ಳುವ ನಂಟಿನ ಜಾಲವೇ ನಿಜವಾದ ಭದ್ರತೆಯೆಂದು ತೋರಿಸಿದ್ದರು. ಆ ಬೆಳಕಿನಲ್ಲಿ ನೋಡಿದರೆ, ಜೀವಮಾನವಿಡೀ ಊರಿನ ಪಂಕ್ತಿಯಲ್ಲಿ ಕುಳಿತವಳು ಒಂದು ದಿನ ಬಡಿಸುವವಳಾದಳು. ಕೈಯೊಡ್ಡುವವರ ಸಾಲಿನಿಂದ ಕೊಡುವವರ ಸಾಲಿಗೆ ಬಂದಳು. ಊರಿನ ಲೆಕ್ಕದಲ್ಲಿ ತನ್ನ ಹೆಸರನ್ನು ತಾನೇ ಬರೆಸಿಕೊಂಡಳು. ಮರ್ರೆಯವರ ಲೆಕ್ಕಾಚಾರದಲ್ಲಿ ಈ ವೆಚ್ಚಕ್ಕೆ ಅಂಕಣವಿಲ್ಲ.

7

ಈ ಮರುಓದಿನಿಂದ ಕೆಲವು ಮಾತುಗಳನ್ನು ಹೇಳಬಹುದು. ಅಮೆರಿಕದ ಬಡತನ ಗ್ರಂಥಗಳು ನಮಗೆ ಅನವಶ್ಯಕವಲ್ಲ. ಬಡತನದ ಕಾರಣವನ್ನು ಬಡವರ ಸ್ವಭಾವದಲ್ಲಿ ಹುಡುಕುವ ಮತ್ತು ಅದನ್ನು ನಿರಾಕರಿಸುವ ಎರಡೂ ವಾದಗಳ ಬಲಾಬಲಗಳನ್ನು ಅವು ಸ್ಪಷ್ಟವಾಗಿ ತೋರಿಸಿವೆ. ಆದರೆ ಅವು ಆರಂಭಿಸುವ ಸ್ಥಳ ನಮ್ಮ ಆರಂಭದ ಸ್ಥಳವಲ್ಲ. ‘ಯಾರು ಅರ್ಹರು’ ಎಂಬುದು ಅಲ್ಲಿನ ಪ್ರಶ್ನೆ. ‘ಯಾರು ಬರೆದ ಪಟ್ಟಿ, ಅದರ ಪೆನ್ನು ಯಾರ ಕೈಯಲ್ಲಿದೆ’ ಎಂಬುದು ಚಿಕ್ಕೋಡಿ ಸೀಮೆಯ ಪ್ರಶ್ನೆ. ಬೀಡಿ ಕಾರ್ಮಿಕಳ ಚೀಟಿ ಮಾಲೀಕನ ಕೈಯಲ್ಲಿ, ಬಿದ್ದ ಮನೆಯ ವರ್ಗ ಪಂಚನಾಮೆಯಲ್ಲಿ, ದೇವದಾಸಿಯ ಹೆಸರು ಹಳೆಯ ಸಮೀಕ್ಷೆಯಲ್ಲಿ, ಯಜಮಾನಿಯ ಹಕ್ಕು ಪಡಿತರ ಚೀಟಿಯಲ್ಲಿ ನಿರ್ಧಾರವಾಗುವಾಗ, ಬಡತನದ ವಿಮರ್ಶೆ ದಾಖಲೆಯ ವಿಮರ್ಶೆಯೂ ಆಗಬೇಕಾಗುತ್ತದೆ.

ಇದಕ್ಕೆ ಬೇಕಾದ ಆಕರಗಳು ಈ ಸೀಮೆಯಲ್ಲಿಯೇ ಇವೆ. ವಖಾರಗಳ ಹಾಜರಿ ಪುಸ್ತಕಗಳು, ಕಾರ್ಮಿಕ ಸಂಘಗಳ ಕರಪತ್ರಗಳು, ಕಬ್ಬು ಕಡಿಯುವ ಗುಂಪುಗಳ ಮುಂಗಡದ ಚೀಟಿಗಳು, ವಿಮೋಚನಾ ಶಾಲೆಯ ದಾಖಲಾತಿಗಳು ಕನ್ನಡದಲ್ಲಿಯೂ ಮರಾಠಿಯಲ್ಲಿಯೂ ಇರತಕ್ಕವು. ನಿಪ್ಪಾಣಿಯ ಕೆಲಸಗಾರ್ತಿಯರ ಚಿತ್ರವನ್ನು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಡಿಜಿಟಲ್ ರೂಪದಲ್ಲಿ ಕಾಪಾಡಿದೆ. ಆ ಚಿತ್ರದಲ್ಲಿ ಮಾತಾಡಿದ ತಲೆಮಾರಿಗೆ ಈಗ ವಯಸ್ಸಾಗಿದೆ. ಎರಡೂ ಭಾಷೆ ಬಲ್ಲ ಸಂಶೋಧಕರು ಅವರ ಬಾಯಿಂದಲೇ ಕೇಳಿ ಬರೆದಿಟ್ಟುಕೊಳ್ಳಲು ಉಳಿದಿರುವ ಕಾಲ ದೀರ್ಘವಾದುದಲ್ಲ. ಆ ಕೆಲಸ ನಡೆದಾಗ ಮಾತ್ರ ಗಡಿನಾಡಿನ ಇತಿಹಾಸದಲ್ಲಿ ಆಟಕ್ಕಿದ್ದವರು ಲೆಕ್ಕಕ್ಕೂ ಬಂದಾರು.